ಬೇಲಿ ಕಲಿಯಲು ವಿಲಾಯತಿಗೆ

ವಿಲಾಯತಿಗೆ ಹೋಗಿ ಬಂದವರು ಗಡಿಯಾರ ತರುತ್ತಾರೆ, ಕ್ಷೌರದ ಕತ್ತಿ ತರುತ್ತಾರೆ, ಕೆಲವರು ಮಾತಿನ ನಡುವೆ ಭುಜ ಕುಣಿಸುವ ಅಭ್ಯಾಸವನ್ನೂ ತರುತ್ತಾರೆ. ನಾನು ತಂದದ್ದು ಸಿಟ್ಟು. ಹಡಗಿನಲ್ಲಿ ಬರುವಾಗ ಸಮುದ್ರದ ಗಾಳಿಗೆ ಆರೀತು ಎಂದುಕೊಂಡೆ, ಆರಲಿಲ್ಲ. ಊರಿಗೆ ಬಂದಮೇಲೆ ಇನ್ನಷ್ಟು ಹೊತ್ತಿಕೊಂಡಿತು. ಬರೆದರೆ ಸ್ವಲ್ಪ ಇಳಿದೀತೆಂದು ಈಗ ಬರೆಯಲು ಕೂತಿದ್ದೇನೆ. ಲಂಡನ್ನಿನ ಸೇತುವೆ, ಅರಮನೆ, ನೆಲದಡಿಯ ರೈಲು ಇವುಗಳ ವರ್ಣನೆ ಬೇಕಾದವರು ಬೇರೆ ಯಾರ ಪುಸ್ತಕವನ್ನಾದರೂ ನೋಡಿಕೊಳ್ಳಲಿ. ನಾನು ಹೇಳುವುದು ಹುಲ್ಲಿನ ವಿಚಾರ.

ಹುಣಸೂರು

ನಮ್ಮೂರು ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ, ಹಂಪಾಪುರದ ಹತ್ತಿರ. ಊರಿಗೆ ಅಂಟಿಕೊಂಡಂತೆ ಒಂದು ಕಾವಲು ಇದೆ, ಎಂದರೆ ದನ ಮೇಯಲು ಬಿಟ್ಟ ಹುಲ್ಲುಗಾವಲು. ಅದು ಸರ್ಕಾರದ ನೆಲ. ಆದರೆ ನಮ್ಮೂರ ಎತ್ತು, ಹಸು, ಕರು ಎಲ್ಲ ಅಲ್ಲಿಯ ಹುಲ್ಲು ತಿಂದೇ ಬೆಳೆದವು. ನಮ್ಮದು ಮಳೆ ನಂಬಿದ ಹೊಲ. ರಾಗಿ ಹುಲ್ಲು ಯುಗಾದಿಯವರೆಗೆ ಬಂದರೆ ಹೆಚ್ಚು. ಆಮೇಲೆ ದನಕ್ಕೆ ಕಾವಲೇ ಗತಿ.

ಆ ಕಾವಲಿಗೆ ಊರಿನವರೇ ಮಾಡಿಕೊಂಡ ಒಂದು ಕಟ್ಟು ಇದೆ. ಮುಂಗಾರು ಬಿದ್ದಮೇಲೆ ಹಳ್ಳದ ಕಡೆಯ ಅರ್ಧಕ್ಕೆ ಯಾರೂ ದನ ಬಿಡುವಂತಿಲ್ಲ. ಹುಲ್ಲು ಬೆಳೆದು, ಬೀಜ ಕಟ್ಟಿ, ಬೀಜ ಉದುರಿದ ಮೇಲೆಯೇ ಅಲ್ಲಿ ಮೇವು. ಕದ್ದು ಮೇಯಿಸಿದವನಿಗೆ ದಂಡವಿಲ್ಲ, ಬೈಗುಳವಿಲ್ಲ. ಅವನ ಮನೆಗೆ ಆ ವರ್ಷ ಯಾರೂ ಮುಯ್ಯಾಳಿಗೆ ಹೋಗುವುದಿಲ್ಲ, ಅಷ್ಟೇ. ಮುಯ್ಯಾಳು ಎಂದರೆ ಇವತ್ತು ನಿನ್ನ ಹೊಲದಲ್ಲಿ ನಾನು ದುಡಿದರೆ ನಾಳೆ ನನ್ನ ಹೊಲಕ್ಕೆ ನೀನು ಬರುವುದು. ಅದು ನಿಂತರೆ ನಾಟಿಯೂ ಇಲ್ಲ, ಕೊಯ್ಲೂ ಇಲ್ಲ. ಕಂಡೂ ಕಂಡೂ ಆ ಗತಿ ತಂದುಕೊಳ್ಳುವವರು ನಮ್ಮಲ್ಲಿ ಕಡಿಮೆ.

ನಾನು ಹುಣಸೂರಿನಲ್ಲಿ ಪಶುವೈದ್ಯದ ಇನ್‌ಸ್ಪೆಕ್ಟರ್. ನಮ್ಮ ಮೇಲಧಿಕಾರಿ ಒಬ್ಬ ಇಂಗ್ಲಿಷಿನವರು. ಹೆಸರು ಬೇಡ, ದೊರೆ ಎಂದರೆ ಸಾಕು. ಅವರನ್ನು ಕೆಟ್ಟವರೆಂದು ಯಾರೂ ಹೇಳಲಾರರು. ದನಗಳಿಗೆ ದೊಡ್ಡರೋಗ ಬಂದ ವರ್ಷ ಕೊಟ್ಟಿಗೆಯ ಗಂಜಳದಲ್ಲಿ ಮಂಡಿಯೂರಿ ಕೂತು ಹಸುವಿನ ಬಾಯಿ ತೊಳೆದದ್ದನ್ನು ನಾನೇ ಕಂಡಿದ್ದೇನೆ. ಅವರು ಒಂದು ದಿನ ನನ್ನನ್ನು ಕರೆದು ಹೇಳಿದರು: "ಗೌಡ, ನಿಮ್ಮೂರ ಕಾವಲು ಹಾಳಾಗುತ್ತಿದೆ. ಎಲ್ಲರಿಗೂ ಸೇರಿದ ನೆಲವನ್ನು ನೋಡಿಕೊಳ್ಳುವವರು ಯಾರೂ ಇರುವುದಿಲ್ಲ. ಮುಳ್ಳುತಂತಿ ಹಾಕಿಸಿ, ತುಂಡು ತುಂಡು ಮಾಡಿ, ಒಳ್ಳೆಯ ತಳಿಯ ಹೋರಿ ಟಗರು ಸಾಕೋಣ. ನೀವು ನಮ್ಮ ದೇಶಕ್ಕೆ ಹೋಗಿ ಹುಲ್ಲುಗಾವಲು ನಡೆಸುವುದು ಹೇಗೆಂದು ನೋಡಿ ಬನ್ನಿ. ಆಮೇಲೆ ನೀವೇ ಇದರ ಸೂಪರಿಂಟೆಂಡೆಂಟ್."

ಊರ ದನ ಎಲ್ಲಿಗೆ ಹೋಗಬೇಕು ಎಂದು ಕೇಳಿದೆ. ದನ ಕಡಿಮೆ ಮಾಡಿಕೊಳ್ಳಲಿ ಎಂದರು. ನನ್ನ ಮುಖ ನೋಡಿ ಏನನ್ನಿಸಿತೋ, ನೀವು ವಾಪಸು ಬಂದು ಅಭಿಪ್ರಾಯ ಹೇಳುವ ತನಕ ಒಂದು ಗೂಟವನ್ನೂ ನೆಡುವುದಿಲ್ಲ ಎಂದು ಮಾತು ಕೊಟ್ಟರು. ಆ ಮಾತು ನಂಬಿ ಹೊರಟೆ.

ನನ್ನನ್ನು ಬಸ್ಸು ಹತ್ತಿಸಲು ಅಣ್ಣ ಕೆಂಪಯ್ಯ ಊರಿನಿಂದ ಬಂದಿದ್ದ. ಹೆಗಲ ಮೇಲೆ ರಾಗಿ ಹಿಟ್ಟಿನ ಗಂಟು.

"ಏನ್ಲಾ, ಬ್ಯಾಲಿ ಆಕೋದು ಕಲಿಯಾಕೆ ಅಷ್ಟ್ ದೂರ ಓಗ್ಬೇಕಾ? ಕಳ್ಳಿ ನೆಟ್ರೆ ಬ್ಯಾಲಿ ಆಯ್ತದೆ ಕಣ್ಲಾ."

"ಅಂಗಲ್ಲ ಕಣಣ್ಣ. ನಾನ್ ಬರೋಗಂಟ ಏನೂ ಮಾಡಾಕಿಲ್ಲ ಅಂತ ದೊರೆ ಮಾತು ಕೊಟ್ಟವ್ರೆ. ಬಂದ್ಮ್ಯಾಕೆ ಬ್ಯಾಲಿ ಬೇಕಾ ಬ್ಯಾಡ್ವಾ ಅಂತ ಏಳೋನು ನಾನೇ ಅಲ್ವಾ?"

"ನೀನ್ ಏಳ್ತೀಯ ಅನ್ನೋ ಧೈರ್ಯದ್ ಮ್ಯಾಲೇ ಊರೋರೆಲ್ಲ ಸುಮ್ಕವ್ರೆ. ಕಾವ್ಲು ಓದ್ರೆ ಎತ್ತು ಓಯ್ತವೆ. ಎತ್ತು ಓದ್ಮ್ಯಾಕೆ ಒಲ ಇಟ್ಕೊಂಡು ಏನ್ ಮಾಡಾನ? ಅಷ್ಟು ಮನ್ಸಲ್ಲಿಟ್ಕೊ. ಇನ್ ಓಗ್ಬುಟ್ಟು ಬಾ."

ನನ್ನ ಕೋಟು ಹೊಲಿದವರು ಪೇಟೆಯ ಗಫಾರ್ ಸಾಹೇಬರು. ನಾನು ಕೇಳದಿದ್ದರೂ ಒಳಗಡೆ ಕರಿ ಕಂಬಳಿಯ ಅಸ್ತರಿ ಕೊಟ್ಟಿದ್ದರು. "ಮೇಲ್ಗಡೆ ಅವರ ಹಂಗೆ ಕಾಣ್ತದೆ ಸ್ವಾಮಿ, ಒಳಗೆ ಬೆಚ್ಚಗಿರ್ತದೆ. ಯಾರ್ಗೂ ಹೇಳ್ಬೇಡಿ," ಎಂದರು. ಆ ಕೋಟು ಎರಡು ಸೇರು ರಾಗಿಯಷ್ಟು ಭಾರವಾಗಿತ್ತು. ಬೊಂಬಾಯಿಯ ಸೆಕೆಯಲ್ಲಿ ಅದನ್ನು ಹೊತ್ತು ಹಡಗು ಹತ್ತುವಾಗ ಸಾಹೇಬರನ್ನು ಮನಸಾರೆ ಬೈದೆ.

ಏಡನ್

ಹಡಗಿನಲ್ಲಿ ನನಗೆ ವಾಂತಿಯಾದದ್ದನ್ನು ಬರೆಯುವುದಿಲ್ಲ, ಎಲ್ಲರಿಗೂ ಆಗುತ್ತದೆ. ಊಟದ್ದು ಬರೆಯುತ್ತೇನೆ. ನಾನು ಕುರಿ ಕೋಳಿ ತಿನ್ನುವವನು, ದನದ ಮಾಂಸ ಮುಟ್ಟುವುದಿಲ್ಲ. ಬಡಿಸುವವನಿಗೆ ದಿನಾ ಹೇಳಬೇಕು, ಅವನು ದಿನಾ ಮರೆಯಬೇಕು. ಕೊನೆಗೆ ಆಲೂಗಡ್ಡೆ ಬಿಟ್ಟು ಬೇರೇನನ್ನೂ ನಂಬದಂತಾದೆ. ಎದುರು ಕೂತ ದಪ್ಪ ಮೀಸೆಯವನೊಬ್ಬ, "ಅಷ್ಟು ದನ ಸಾಕುತ್ತೀರಿ, ತಿನ್ನುವುದಿಲ್ಲ, ಹಾಗಿದ್ದರೆ ಸಾಕುವುದೇಕೆ?" ಎಂದು ಕೇಳಿದ. ಉಳುವುದಕ್ಕೆ ಎಂದೆ. ಅವನಿಗೆ ಅದು ದೊಡ್ಡ ತಮಾಷೆಯಾಗಿ ಕಂಡಿತು. ತಾನು ತಿನ್ನುವ ರೊಟ್ಟಿ ಅಂಗಡಿಯಲ್ಲಿ ಹುಟ್ಟುತ್ತದೆಂದು ತಿಳಿದವನ ಜೊತೆ ಏನು ಮಾತಾಡುವುದು? ಎದ್ದು ಹೋದೆ.

ಏಡನ್ನಿನಲ್ಲಿ ಹಡಗು ನಿಂತಾಗ ಇಳಿದು ನೋಡಿದೆ. ಕಣ್ಣು ಹಾಯುವಷ್ಟು ದೂರ ಒಂದು ಗರಿಕೆ ಇಲ್ಲ, ಬರೀ ಸುಟ್ಟ ಬಂಡೆ. ಅಲ್ಲೂ ಮೇಕೆಗಳಿವೆ. ಏನು ತಿನ್ನುತ್ತವೆ ಎಂದು ನೋಡಿದರೆ ಕಾಗದ! ಒಬ್ಬ ಪ್ರಯಾಣಿಕ ಎಸೆದ ಪತ್ರಿಕೆಯನ್ನು ಒಂದು ಮೇಕೆ ಮೊದಲ ಪುಟದಿಂದ ಕಡೆಯ ಪುಟದವರೆಗೆ ನಿಧಾನವಾಗಿ ತಿಂದು ಮುಗಿಸಿತು. ನಮ್ಮ ಇಲಾಖೆ ಆ ಊರಿನಲ್ಲಿ ಇದ್ದಿದ್ದರೆ ಮೇಕೆಗಳಿಗೆ ಎಂದೂ ಬರ ಬರುತ್ತಿರಲಿಲ್ಲ ಎನ್ನಿಸಿತು. ಇಡೀ ಪ್ರಯಾಣದಲ್ಲಿ ನಾನು ಮನಸ್ಸು ಬಿಚ್ಚಿ ನಕ್ಕದ್ದು ಅಲ್ಲಿ.

ಕಾಲೇಜು

ಮೊದಲ ಕೆಲವು ತಿಂಗಳು ನನ್ನನ್ನು ಒಂದು ಬೇಸಾಯದ ಕಾಲೇಜಿನಲ್ಲಿ ಇಟ್ಟರು. ಸುತ್ತಲೂ ಬಯಲು, ಬಯಲಿಗೆಲ್ಲ ತಂತಿ. ಒಂದು ತುಂಡು ಮೇಯಿಸಿ ಇನ್ನೊಂದು ತುಂಡಿಗೆ ದನ ಓಡಿಸುತ್ತಿದ್ದರು. ಮೇದ ತುಂಡು ಚಿಗುರಲು ಬಿಡುತ್ತಿದ್ದರು. ಹೊಸದಾಗಿ ಕಂಡುಹಿಡಿದದ್ದು ಎಂದರು. ನಮ್ಮಲ್ಲಿ ಹಳ್ಳದ ಕಡೆಯ ಅರ್ಧವನ್ನು ಮುಚ್ಚುತ್ತೇವಲ್ಲ, ಅದೂ ಇದೇ ಎಂದು ನಾನು ಎದ್ದು ನಿಂತು ಹೇಳಿದೆ. "ಬೇಲಿ ಯಾವುದು?" ಎಂದು ಕೇಳಿದರು. ಬೇಲಿ ಇಲ್ಲ, ಮಾತು ಇದೆ ಎಂದೆ. ತರಗತಿಯಲ್ಲಿ ಎಲ್ಲರೂ ನಕ್ಕರು. ನನ್ನ ಇಂಗ್ಲಿಷಿಗೆ ನಕ್ಕರೆಂದು ಮೊದಲು ತಿಳಿದುಕೊಂಡೆ. ಅದಕ್ಕಾಗಿದ್ದರೆ ಕ್ಷಮಿಸಬಹುದಾಗಿತ್ತು.

ಒಂದು ದಿನ ಮಾಂತ್ರಿಕ ದೀಪ ಹಚ್ಚಿ ಗೋಡೆಯ ಮೇಲೆ ಚಿತ್ರಗಳನ್ನು ತೋರಿಸಿದರು. ಕೊಬ್ಬಿದ ಹಸುಗಳು, ಉಣ್ಣೆ ತುಂಬಿದ ಕುರಿಗಳು. ಕಡೆಯಲ್ಲಿ ನಮ್ಮ ದೇಶದ ಒಂದು ಹಸು ಬಂತು. ಪಕ್ಕೆಲುಬು ಎಣಿಸಬಹುದು, ಕಣ್ಣಲ್ಲಿ ಜೀವವಿಲ್ಲ. "ಎಲ್ಲರೂ ಒಂದೇ ಕಡೆ ಮೇಯಿಸಿದರೆ ಹೀಗಾಗುತ್ತದೆ," ಎಂದು ಕೋಲಿನ ತುದಿಯಿಂದ ಅದರ ಹೊಟ್ಟೆ ಮುಟ್ಟಿ ತೋರಿಸಿದರು. ನಾನು ಹಸುವನ್ನು ಬಿಟ್ಟು ಅದರ ಹಿಂದೆ ನೋಡಿದೆ. ಹಿಂದಿನ ಹುಣಸೆಮರದಲ್ಲಿ ಒಂದು ಎಲೆ ಇರಲಿಲ್ಲ. ಹುಣಸೆಮರ ಎಲೆ ಕಳೆದುಕೊಂಡಿದೆ ಎಂದರೆ ಅದು ಎಂಥ ಬರಗಾಲ ಎನ್ನುವುದು ನಮ್ಮ ಕಡೆಯ ಯಾರಿಗೂ ಹೇಳಬೇಕಾಗಿಲ್ಲ. ಮನುಷ್ಯರೇ ಸಾಯುತ್ತಿದ್ದ ವರ್ಷದ ಹಸು ಅದು. ಅದನ್ನು ತಂದು ಇಲ್ಲಿ ಪಾಠ ಹೇಳುತ್ತಿದ್ದರು.  ಮರ ನೋಡಿ, ಇದು ಬರದ ಚಿತ್ರ ಎಂದು ಕೂಗಿ ಹೇಳಿದೆ. ಪಾಠ ಮಾಡುತ್ತಿದ್ದವರು ಕನ್ನಡಕ ತೆಗೆದು ಒರೆಸಿಕೊಂಡು, "ಇರಬಹುದು," ಎಂದು ಮುಂದಿನ ಚಿತ್ರಕ್ಕೆ ಹೋದರು.

ಗುಡ್ಡದ ಮನೆ

ಹೊರಡುವಾಗ ದೊರೆಗಳು ಹೇಳಿದ್ದರು: ಉತ್ತರದ ಗುಡ್ಡಗಾಡಿನಲ್ಲಿ ನನ್ನ ಅಣ್ಣ ಇದ್ದಾನೆ, ನಮ್ಮಪ್ಪನ ಜಮೀನು ನೋಡಿಕೊಂಡಿದ್ದಾನೆ, ಕಾಲೇಜು ಮುಗಿದ ಮೇಲೆ ಅವನ ಮನೆಯಲ್ಲಿ ಕೆಲವು ವಾರ ಇದ್ದು ಬನ್ನಿ ಎಂದು. ಅಲ್ಲಿಗೆ ಹೋದೆ. ದೊರೆಗಳ ಅಣ್ಣನ ಹೆಸರು ಜೋಸೆಫ್. ಕೆಂಪು ಮುಖ, ದೊಡ್ಡ ಕೈ, ಬಾಯಲ್ಲಿ ಪೈಪು. ಅವರು ಮಾತಾಡುವ ಇಂಗ್ಲಿಷ್ ದೊರೆಗಳ ಇಂಗ್ಲಿಷ್ ಅಲ್ಲ. ಅರ್ಧ ಅಕ್ಷರ ನುಂಗುತ್ತಾರೆ, ಉಳಿದದ್ದನ್ನು ಎಳೆಯುತ್ತಾರೆ. ಅದನ್ನು ನಾನು ನಮ್ಮ ಕಡೆಯ ಮಾತಿನಲ್ಲೇ ಬರೆಯುತ್ತೇನೆ. ಅವರು ನಮ್ಮಣ್ಣನ ಜೊತೆ ಜಗಲಿಯ ಮೇಲೆ ಕೂತಿದ್ದರೆ ಮಾತಾಡುತ್ತಿದ್ದದ್ದೇ ಹಾಗೆ.

ಮೊದಲ ದಿನವೇ ಒಂದು ಜಗಳ. ನಮ್ಮಣ್ಣ ಕೊಟ್ಟ ರಾಗಿ ಹಿಟ್ಟನ್ನು ಕಾಲೇಜಿನಲ್ಲಿ ಮುಟ್ಟಲು ಆಗಿರಲಿಲ್ಲ. ಜೋಸೆಫರ ಹೆಂಡತಿ ಹ್ಯಾನಾ ಒಲೆ ಬಿಟ್ಟುಕೊಟ್ಟರು. ಹಿಟ್ಟಿನ ಕೋಲಿಲ್ಲದೆ, ಮರದ ಸೌಟಿನಲ್ಲಿ ತೊಳಸಿ, ಹೇಗೋ ಮುದ್ದೆ ಕಟ್ಟಿ ತಟ್ಟೆಯಲ್ಲಿಟ್ಟು ಕೈ ತೊಳೆಯಲು ಹೋದೆ. ಬಂದು ನೋಡುತ್ತೇನೆ, ತಟ್ಟೆ ನೆಲದ ಮೇಲಿದೆ, ಕುರಿನಾಯಿ ಕಡೆಯ ತುತ್ತು ನೆಕ್ಕುತ್ತಿದೆ. ನಾಯಿಗೆಂದೇ ಮಾಡಿದಿರಿ ಎಂದುಕೊಂಡೆ ಎಂದರು ಆ ತಾಯಿ. ತಿಂಗಳುಗಟ್ಟಲೆ ಆಲೂಗಡ್ಡೆ ತಿಂದ ಹೊಟ್ಟೆ! ನಾನು ಕನ್ನಡದಲ್ಲಿ ಬೈದದ್ದು ಅವರಿಗೆ ಅರ್ಥವಾಗಲಿಲ್ಲ, ದೇವರು ದೊಡ್ಡವನು. ಮಾರನೆಯ ದಿನ ಅವರೇ ಇನ್ನೊಂದು ಮಾಡಿಸಿ, ತಾವೂ ಒಂದು ತುತ್ತು ಬಾಯಿಗಿಟ್ಟು ಅಗಿಯತೊಡಗಿದರು. ಅಗಿದರು, ಅಗಿದರು, ಮುಗಿಯಲೇ ಇಲ್ಲ. ನುಂಗಬೇಕು ತಾಯಿ ಎಂದು ನಾನು ಗಂಟಲು ತೋರಿಸಿದೆ. ಅಂದಿನಿಂದ ನನಗೂ ಆ ಮನೆಗೂ ಸ್ನೇಹವಾಯಿತು.

ಮಳೆ ನಿಂತ ಒಂದು ಬೆಳಿಗ್ಗೆ ಜೋಸೆಫ್ ನನ್ನನ್ನು ಗುಡ್ಡಕ್ಕೆ ಕರೆದುಕೊಂಡು ಹೋದರು. ಮನೆಯ ಸುತ್ತಲಿನ ಹೊಲಗಳಿಗೆ ಕಲ್ಲುಗೋಡೆ ಇತ್ತು. ಕಡೆಯ ಗೋಡೆ ದಾಟಿದ ಮೇಲೆ ಬರೀ ಗುಡ್ಡ, ಗುಡ್ಡದ ಮೇಲೆ ಗುಡ್ಡ. ಬೂದು ಬಣ್ಣದ ಒರಟು ಕುರಿಗಳು ಅಲ್ಲಲ್ಲಿ ಮೇಯುತ್ತಿದ್ದವು. ಕೆಲವಕ್ಕೆ ಬೆನ್ನ ಮೇಲೆ ಕೆಂಪು ಬಳಿದಿತ್ತು, ಕೆಲವಕ್ಕೆ ನೀಲಿ.

"ನಿಮ್ಮ ಬೇಲಿ ಎಲ್ಲಿ?" ಎಂದೆ.

"ಯಾವ್ ಬ್ಯಾಲಿ?"

"ಈ ಗುಡ್ಡದಲ್ಲಿ ನಿಮ್ಮ ಭಾಗಕ್ಕೆ ಹಾಕಿದ ಬೇಲಿ."

"ಗುಡ್ಡಕ್ಕೆ ಯಾವನಾದ್ರೂ ಬ್ಯಾಲಿ ಆಕ್ತಾನಾ? ಇದು ಕಣಿವೆಯೋರ್ದು. ಎಲ್ಲಾರ್ದೂ."

ನಾನು ನಿಂತುಬಿಟ್ಟೆ. ಒಂದೊಂದು ಮನೆ ಎಷ್ಟು ಕುರಿ ಬಿಡಬಹುದೆಂದು ಯಾರು ಹೇಳುತ್ತಾರೆ ಎಂದು ಕೇಳಿದೆ. ತಾತನ ಕಾಲದಿಂದ ಗೊತ್ತಿದೆ ಎಂದರು. ಹೆಚ್ಚು ಬಿಟ್ಟರೆ? ಪೈಪು ಬಾಯಿಂದ ತೆಗೆದು ಹೇಳಿದರು: "ಅವ್ನ ಕುರಿ ಗುಡ್ಡದಿಂದ ಇಳ್ಸೋ ದಿನ ಯಾರೂ ಓಗಾಕಿಲ್ಲ. ಒಬ್ನೇ ಎಂಗ್ ಇಳುಸ್ತಾನೆ? ಒಂದ್ ವರ್ಸ ಸಾಕು, ಬುದ್ಧಿ ಬತ್ತದೆ."

ಮುಯ್ಯಾಳು! ಅದೇ ಮಾತು, ಅದೇ ಕಟ್ಟು, ಅದೇ ಶಿಕ್ಷೆ. ನನಗೆ ಮೊದಲು ಸಂತೋಷವಾಯಿತು. ಮನೆಗೆ ಇಳಿಯುವ ಹೊತ್ತಿಗೆ ಆ ಸಂತೋಷ ಸಿಟ್ಟಾಗಿತ್ತು. ಈ ಗುಡ್ಡದಲ್ಲಿ ಹುಟ್ಟಿ, ಈ ಕುರಿಗಳ ಹಿಂದೆ ಓಡಾಡಿ ಬೆಳೆದ ಮನುಷ್ಯ ಮೈಸೂರು ಸೀಮೆಗೆ ಬಂದು, ಎಲ್ಲರ ನೆಲವನ್ನು ಯಾರೂ ನೋಡಿಕೊಳ್ಳುವುದಿಲ್ಲ ಎಂದು ನನ್ನ ಮುಂದೆ ಹೇಳಿದ್ದರು. ತಿಳಿಯದವರು ಹೇಳಿದ್ದರೆ ಪರವಾಗಿಲ್ಲ. ಇವರಿಗೆ ಗೊತ್ತಿತ್ತು.

ಪಕ್ಕದ ಮನೆಯ ಕುರಿ

ಸಿಟ್ಟು ಬಂದವನು ಸುಮ್ಮನೆ ಕೂರಬೇಕು. ನಾನು ಉಪಕಾರ ಮಾಡಲು ಹೋದೆ. ಜೋಸೆಫರದ್ದು ಕೆಂಪು ಗುರುತಿನ ಕುರಿ. ಅವು ಮೇಯುವ ಇಳಿಜಾರಿನಲ್ಲಿ ಒಂದು ದಿನ ನೀಲಿ ಗುರುತಿನವು ಕೆಲವು ಕಂಡವು. ನಮ್ಮೂರ ಪದ್ಧತಿ ನನ್ನ ಮೈಯಲ್ಲಿ ಹೊಕ್ಕಿದೆ: ಬೇರೆ ಊರಿನ ದನ ನಮ್ಮ ಕಾವಲಿಗೆ ನುಗ್ಗಿದರೆ ಮೊದಲು ಕಂಡವನು ಹೊಡೆದು ಓಡಿಸಬೇಕು, ಕೇಳಬೇಕಾಗಿಲ್ಲ. ಉಂಡ ಮನೆಯ ಹುಲ್ಲು ಕಾಯುತ್ತಿದ್ದೇನೆ ಎಂದುಕೊಂಡು ನಾಯಿಯನ್ನು ಕರೆದೆ. ಮುದ್ದೆ ತಿಂದ ಋಣಕ್ಕೋ ಏನೋ ಅದೂ ಬಂತು. ಇಬ್ಬರೂ ಸೇರಿ ಆ ನೀಲಿ ಕುರಿಗಳನ್ನು ಗುಡ್ಡ ದಾಟಿಸಿ ಆಚೆ ಕಣಿವೆಗೆ ಇಳಿಸಿ ಬಂದೆವು. ಗಫಾರ್ ಸಾಹೇಬರ ಕೋಟು ಬೆವರಿನಲ್ಲಿ ತೊಯ್ದಿತ್ತು. ಬಹಳ ಹೆಮ್ಮೆಯಿಂದ ಹೇಳಿದೆ.

ಜೋಸೆಫರ ಕೆಂಪು ಮುಖ ಬಿಳಿಚಿಕೊಂಡಿತು. "ಅಯ್ಯೋ ಮಾರಾಯ, ಎಂಥಾ ಕೆಲ್ಸ ಮಾಡ್ಬುಟ್ಟೆ! ಅವು ಪಕ್ಕದ್ ಮನೆಯೋವು. ಅವು ಮೇಯೋ ಜಾಗ್ವೇ ಅದು."

"ಅದು ನಿಮ್ಮ ಕುರಿಗಳ ಜಾಗ ಅಲ್ಲವೇ?"

"ಎರಡ್ರದೂ ಸೇರೋ ಕಡೆ ಕಣಪ್ಪ ಅದು. ಅಲ್ಲಿಗಂಟ ಅವು ಬತ್ತವೆ, ಇವು ಓಯ್ತವೆ. ತಾಯಿ ಮರೀಗೆ ಕಲ್ಸಿರ್ತದೆ, ಇಲ್ಲಿಗಂಟ ನಮ್ದು ಅಂತ. ಆ ಮರಿ ತನ್ ಮರೀಗೆ ಕಲ್ಸ್ತದೆ. ಬ್ಯಾಲಿ ಇಲ್ದೆ ಗುಡ್ಡ ನಡೀತಿರೋದು ಇನ್ನೆಂಗೆ ಅಂದ್ಕೊಂಡೆ? ನಾಯಿ ಬುಟ್ಟು ಎದ್ರಿಸ್ಬುಟ್ರೆ ಅವು ಜಾಗ ಮರೀತವೆ. ಆಮ್ಯಾಕೆ ಕಲ್ಸೋರು ಯಾರು?"

ಮನೆ ಮಾರಿದರೂ ಆ ಕುರಿಗಳನ್ನು ಬೇರೆ ಕಡೆಗೆ ಹೊಡೆದುಕೊಂಡು ಹೋಗುವುದಿಲ್ಲವಂತೆ. ಅವು ಮನೆಯ ಜೊತೆಗೇ ಹೊಸಬರಿಗೆ ಸೇರುತ್ತವೆ, ಗುಡ್ಡ ತಿಳಿದ ಕುರಿಗಳು ಬೇರೆ ಸಿಕ್ಕುವುದಿಲ್ಲ ಎಂದು. ನಾನು ಜೋಸೆಫರ ಹಿಂದೆ ಪಕ್ಕದ ಮನೆಗೆ ಹೋಗಿ ತಪ್ಪಾಯಿತು ಎಂದೆ. ಆ ಮನೆಯ ಮುದುಕ ನನ್ನನ್ನು ಚೆನ್ನಾಗಿ ಬೈದ. ಬೈದದ್ದು ಪೂರ್ತಿ ತಿಳಿಯಲಿಲ್ಲ, ತಿಳಿದಷ್ಟು ನ್ಯಾಯವಾಗಿಯೇ ಇತ್ತು. ಚಳಿಗಾಲಕ್ಕೆ ಮುಂಚೆ ತಪ್ಪಿಹೋದ ಕುರಿಗಳನ್ನೆಲ್ಲ ಒಂದು ಕಡೆ ತಂದು, ಕಿವಿಯ ಗುರುತು ನೋಡಿ ಅವರವರಿಗೆ ಒಪ್ಪಿಸುವ ಒಂದು ಕೂಟ ಸೇರುತ್ತದೆ. ಆ ಕೂಟದಲ್ಲಿ ಅವನ ಕುರಿಗಳು ಸಿಕ್ಕವು. ಅವತ್ತು ಅವನೇ ಬಂದು ನನ್ನ ಕೈ ಕುಲುಕಿದ.

ಕೋಳಿಗೂಡು

ಹೊರಡುವ ಮುಂಚೆ ತಡೆಯಲಾರದೆ ಜೋಸೆಫರಿಗೆ ನಮ್ಮ ಕಾವಲಿನ ಕಥೆ ಹೇಳಿದೆ. ನಿಮ್ಮ ತಮ್ಮ ಅದಕ್ಕೆ ತಂತಿ ಹಾಕಬೇಕೆನ್ನುತ್ತಾರೆ ಎಂದೆ. ಅವರು ಕೂತಲ್ಲಿಂದ ಎದ್ದೇಬಿಟ್ಟರು.

"ಯಾರು, ನಮ್ ಚಿಕ್ಕೋನಾ? ಬಾ ಇಲ್ಲಿ."

ಹಿತ್ತಲಿಗೆ ಕರೆದುಕೊಂಡು ಹೋಗಿ ಕೋಳಿಗೂಡನ್ನು ತೋರಿಸಿದರು. ಸಾಮಾನ್ಯ ಗೂಡು. ಆದರೆ ಅದರ ಕಂಬಗಳು ಗೂಡಿಗೆ ಮೀರಿದ ದಪ್ಪ, ಒಂದೊಂದರ ಮೈಯಲ್ಲೂ ತಂತಿ ಬಿಗಿದ ಗೀರು. ಅವರು ಹುಡುಗರಾಗಿದ್ದಾಗ ಪಟ್ಟಣದ ಒಬ್ಬ ಹಣವಂತ ಬೇಟೆಯ ಹಕ್ಕು ಕೊಂಡು, ಕಣಿವೆಯವರು ಗುಡ್ಡ ಹಾಳು ಮಾಡುತ್ತಿದ್ದಾರೆಂದು ಬೇಲಿ ಹಾಕಿಸಿದನಂತೆ. ಮೊದಲ ಕಂಬ ಕಿತ್ತವನು ಮನೆಯ ಕಿರಿಯ ಮಗ, ನಮ್ಮ ದೊರೆ.

"ಎಂಗ್ ಕಿತ್ತಾ ಅಂತೀಯ! ತಬ್ಕೊಂಡು, ಅಲ್ಲಾಡ್ಸಿ, ಬೇರ್ ಸಮೇತ ಕಿತ್ತಂಗೆ. ನಮ್ಮಪ್ಪ ಬೆನ್ ತಟ್ಟಿ ಒಂದಿಡೀ ಕೋಳಿ ಅವ್ನೊಬ್ನಿಗೇ ಕೊಟ್ಟ."

 ಒಂದು ಕೋಳಿ ಆ ಕಂಬದ ಮೇಲೆ ಕೂತು ನನ್ನನ್ನೇ ನೋಡುತ್ತಿತ್ತು. ಊರಿಗೆ ಹೋಗಿ ದೊರೆಗೆ ಇದೊಂದು ಮಾತು ಹೇಳಿದರೆ ಸಾಕು, ಕಾವಲು ಉಳಿಯಿತು ಎಂದುಕೊಂಡೆ. ಹಡಗಿನಲ್ಲಿ ಬರುವಾಗ ಹೇಗೆ ಹೇಳಬೇಕೆಂದು ಮನಸ್ಸಿನಲ್ಲೇ ನೂರು ಸಲ ಆಡಿ ನೋಡಿಕೊಂಡೆ.

ಮತ್ತೆ ಹುಣಸೂರು

ಸಂಕ್ರಾಂತಿ ಕಳೆದಿತ್ತು. ಬಸ್ಸಿಳಿದವನು ಮೊದಲು ಗಫಾರ್ ಸಾಹೇಬರ ಅಂಗಡಿಗೆ ಹೋದೆ, ಕೋಟಿಗೆ ಉಪಕಾರ ಹೇಳಲು. ಅವರು ಹೊಲಿಗೆ ನಿಲ್ಲಿಸಿದರು, ನಗಲಿಲ್ಲ.

"ನಿಮ್ಮೂರಿಗೆ ತಂತಿ ಹೋಯ್ತಲ್ಲ ಸ್ವಾಮಿ, ಗಾಡಿ ಗಾಡಿ. ಇದೇ ರಸ್ತೇಲಿ ಹೋಯ್ತು."

"ಯಾವಾಗ?"

"ದಸರಾ ಆದ್ಮೇಲೆ. ನೀವೇ ವಿಲಾಯ್ತಿಂದ ಹೇಳಿ ಕಳ್ಸಿದ್ರಿ ಅಂದ್ರು. ನಾನು ನಂಬ್ಲಿಲ್ಲ ಸ್ವಾಮಿ. ಆದ್ರೆ ನಾನ್ ನಂಬಿದ್ರೆಷ್ಟು, ಬಿಟ್ರೆಷ್ಟು?"

ಆಗ ನನಗೆ ಬಂದ ಸಿಟ್ಟನ್ನು ಹೇಳಲು ಕನ್ನಡದಲ್ಲಿ ಮಾತುಂಟು, ಅಚ್ಚು ಹಾಕುವಂಥದ್ದಲ್ಲ. ಒಂದು ಗೂಟ ನೆಡುವುದಿಲ್ಲ ಎಂದವರು ಇಡೀ ಕಾವಲಿಗೆ ನೆಟ್ಟಿದ್ದರು. ನೆಟ್ಟದ್ದಲ್ಲದೆ ಅದಕ್ಕೆ ನನ್ನ ಹೆಸರು ಕಟ್ಟಿದ್ದರು. ನಾನು ಏಡನ್ನಿನ ಮೇಕೆ ನೋಡಿ ನಗುವಾಗ, ಗುಡ್ಡ ಹತ್ತಿ ಕುರಿ ಓಡಿಸುವಾಗ, ಇಲ್ಲಿ ನಮ್ಮೂರಿನವರು ನನ್ನನ್ನು ಏನೆಂದುಕೊಂಡಿದ್ದರೋ!

ಊರೊಳಗೆ ಹೋದರೆ ಜಗಲಿಗಳ ಮೇಲೆ ಕೂತವರು ಮುಖ ತಿರುಗಿಸಿದರು. ಮನೆಯಲ್ಲಿ ಅಣ್ಣ ಬಡವಾಗಿದ್ದ. ಅತ್ತಿಗೆಯ ಅಂಗೈಯಲ್ಲಿ ಕುಡುಗೋಲು ಹಿಡಿದ ಬೊಬ್ಬೆಗಳು ಒಡೆದು ಕಪ್ಪಾಗಿದ್ದವು.

"ಈ ಸಾರಿ ರಾಗಿ ಕುಯ್ಯಾಕೆ ಯಾರೂ ಬರ್ಲಿಲ್ಲ ಕಣ್ಲಾ," ಎಂದ ಅಣ್ಣ. "ನಾನೂ ನಿಮ್ಮತ್ತಿಗೇನೇ ಕುಯ್ದೊ. ಅರ್ಧ ಒಲದಲ್ಲೇ ಉದುರ್ತು."

"ಅಣ್ಣ, ನಾನ್ ಏಳಿ ಕಳುಸ್ಲಿಲ್ಲ."

"ನಂಗೊತ್ತು."

"ಊರೋರ್ಗೆ ಏಳ್ಬೇಕಾಗಿತ್ತು."

"ಏಳ್ದೆ. ನಿನ್ ತಮ್ಮ ಅಲ್ವಾ, ಅಂಗೇ ಏಳ್ತೀಯ ಅಂದ್ರು. ಅವ್ರದೇನ್ ತಪ್ಪು? ಕಾವ್ಲು ಕೆಡಿಸ್ದೋನ್ ಮನೇಗೆ ಮುಯ್ಯಾಳು ಬರಾಕಿಲ್ಲ. ನಾವೇ ಕಟ್ಕೊಂಡಿದ್ ಕಟ್ಟು."

ನಾನು ತರಗತಿಯಲ್ಲಿ ಎದ್ದು ನಿಂತು ಹೇಳಿದ್ದೂ ಅದೇ ಕಟ್ಟು. ಅದು ನಮ್ಮ ಮನೆಯ ಮೇಲೇ ಬಿದ್ದಿತ್ತು.

ಕಾವಲು

ಮಾರನೆಯ ದಿನ ದೊರೆಗಳು ಕಾರಿನಲ್ಲಿ ಕಾವಲಿಗೆ ಬಂದರು. ಮತ್ತಿ ಮರದ ಹೊಸ ಕಂಬಗಳು, ಮುಳ್ಳುತಂತಿ, ಬೀಗ ಹಾ‍ಕಿದ ಗೇಟು. ಒಳಗೆ ಮೊಣಕಾಲೆತ್ತರ ಹುಲ್ಲು ಒಣಗಿ ನಿಂತಿತ್ತು, ತಳಿಯ ಹೋರಿಗಳು ಇನ್ನೂ ಬಂದಿರಲಿಲ್ಲ. ಹೊರಗೆ ತಂತಿಗೆ ಮೂತಿ ಹಚ್ಚಿಕೊಂಡು ಊರ ದನ ನಿಂತಿದ್ದವು. ಹಟ್ಟಿಯಿಂದ ಬಿಟ್ಟರೆ ಅವು ಬರುವುದು ಇಲ್ಲಿಗೇ, ತಾಯಿ ಕಲಿಸಿದ ಜಾಗಕ್ಕೆ. ನಮ್ಮ ಮನೆಯ ಹಸು ಕೆಂದಿಯ ಕುತ್ತಿಗೆಯಡಿಯ ಗಂಗೆದೊಗಲು ತಂತಿಗೆ ಸಿಕ್ಕಿ ಹರಿದು ನೊಣ ಮುತ್ತಿತ್ತು.

ದೊರೆಗಳು ಗೇಟಿನ ಬೀಗದ ಕೈಯನ್ನು ನನ್ನ ಕೈಗೆ ಕೊಟ್ಟು, "ನಿಮ್ಮದು ಇನ್ನು," ಎಂದರು. ಮಾತು ಕೊಟ್ಟಿದ್ದಿರಲ್ಲ ಎಂದೆ. ವರ್ಷ ಮುಗಿದರೆ ಹಣ ವಾಪಸು ಹೋಗುತ್ತಿತ್ತು, ಹೇಗೂ ನೀವು ಒಪ್ಪುತ್ತಿದ್ದಿರಿ ಎಂದರು. ಆಮೇಲೆ ದನಿ ಇಳಿಸಿ ಕೇಳಿದರು: "ಅಣ್ಣ ಹೇಗಿದ್ದಾನೆ?"

ಹೇಳಿದೆ. ಗುಡ್ಡದ್ದು ಹೇಳಿದೆ, ನಾಯಿಯದ್ದು ಹೇಳಿದೆ, ಕುರಿ ಓಡಿಸಿ ಬೈಸಿಕೊಂಡದ್ದು ಹೇಳಿದೆ. ಅವರ ಮುಖ ಅರಳುತ್ತಾ ಹೋಯಿತು. ಎಷ್ಟೋ ವರ್ಷದಿಂದ ಊರು ಕಾಣದವರು. "ಕೋಳಿಗೂಡು ಇನ್ನೂ ಇದೆಯೇ?" ಎಂದು ತಾವೇ ಕೇಳಿದರು.

"ಇದೆ. ಕಂಬಗಳು ಗಟ್ಟಿಯಾಗಿವೆ."

ಅವರು ಹ್ಯಾಟು ತೆಗೆದು ನಕ್ಕರು. ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. "ಮೊದಲನೆಯದನ್ನು ಕಿತ್ತವನು ನಾನೇ, ಹೇಳಿದನೇ? ಅವರು ಮತ್ತೆ ನೆಟ್ಟರು, ನಾವು ಮತ್ತೆ ಕಿತ್ತೆವು. ಕೊನೆಗೆ ಅವರಿಗೇ ಸಾಕಾಯಿತು. ಆ ಮೂರ್ಖ ನಮ್ಮಪ್ಪನಿಗೆ ಗುಡ್ಡ ನೋಡಿಕೊಳ್ಳಲು ಬರುವುದಿಲ್ಲ ಎಂದಿದ್ದ, ಗೌಡ! ನಮ್ಮಪ್ಪನಿಗೆ!"

ನಾನು ತಂತಿಯ ಕಡೆ ಕೈ ತೋರಿಸಿದೆ. ಕೆಂದಿ ಅಲ್ಲೇ ನಿಂತಿತ್ತು. ಅದರ ಹಿಂದೆ ಅಣ್ಣ ನಿಂತಿದ್ದ, ದೂರದಲ್ಲಿ ಊರಿನ ಇನ್ನಷ್ಟು ಜನ.

"ಇದೂ ಅದೇ ಅಲ್ಲವೇ ದೊರೆ?" ಎಂದೆ.

ಅವರು ನೋಡಿದರು.  ನಗು ಇಳಿಯಿತು. ಹ್ಯಾಟನ್ನು ಮತ್ತೆ ತಲೆಯ ಮೇಲೆ ಇಟ್ಟುಕೊಂಡರು.

"ಅದು ಬೇರೆ," ಎಂದರು.

ಏನು ಬೇರೆ? ಹುಲ್ಲು ಬೇರೆಯೇ? ತಾಯಿ ಮರಿಗೆ ಕಲಿಸುವುದು ಬೇರೆಯೇ? ಅವರಪ್ಪ ಅಪ್ಪ, ನಮ್ಮಪ್ಪ ಏನು? ಇದನ್ನೆಲ್ಲ ಅವರ ಮುಖದ ಮೇಲೆ ಕೇಳಿದೆ, ಕೂಗಿಯೇ ಕೇಳಿದೆ. ಅವರು ಕಾರು ಹತ್ತಿದರು. ಬೀಗದ ಕೈಯನ್ನು ನಾನು ಕಾರಿನ ಕಿಟಕಿಯೊಳಗೆ ಎಸೆದೆ. ಕೆಲಸ ಹೋಯಿತು. ಈ ಬರಹದಲ್ಲಿ ನಾನು ಪಶ್ಚಾತ್ತಾಪ ಪಡುವ ಜಾಗ ಇದೆಂದು ಯಾರಾದರೂ ಕಾಯುತ್ತಿದ್ದರೆ ಕಾಯಬೇಡಿ.

ಅಣ್ಣ ಹತ್ತಿರ ಬಂದು, "ಏನಂದ್ನ್ಲಾ ಅವ್ನು?" ಎಂದ.

"ಅವ್ರಣ್ಣನ್ ಮನೆ ಕೋಳಿಗೂಡು ಭಾಳ ಚೆನ್ನಾಗದೆ ಅಂದ ಕಣಣ್ಣ," ಎಂದೆ. ಆಮೇಲೆ ಅಲ್ಲಿ ನಿಂತಿದ್ದ ಎಲ್ಲರಿಗೂ ಆ ಕೋಳಿಗೂಡಿನ ಕಥೆಯನ್ನು ಮೊದಲಿಂದ ಕಡೆಯವರೆಗೆ ಹೇಳಿದೆ. ಕಂಬ ತಬ್ಬಿಕೊಂಡು ಅಲ್ಲಾಡಿಸುವುದನ್ನೂ ತೋರಿಸಿದೆ. ಯಾರೂ ಮುಖ ತಿರುಗಿಸಲಿಲ್ಲ.

ಈಗ ನಮ್ಮ ಹಿತ್ತಲಿನಲ್ಲಿ ಒಂದು ಹೊಸ ಕೋಳಿಗೂಡು ಇದೆ. ಕಟ್ಟಲು ಊರೆಲ್ಲ ಮುಯ್ಯಾಳಿಗೆ ಬಂದಿತ್ತು. ಮತ್ತಿ ಮರದ ಕಂಬ, ಗಟ್ಟಿಮುಟ್ಟಾಗಿದೆ. ಕಾವಲಿನ ಹಳ್ಳದ ಕಡೆ ಬೇಲಿ ಹೇಗೆ ಮಾಯವಾಯಿತೆಂದು ವಿಚಾರಣೆ ನಡೆಯುತ್ತಿದೆ. ಕೆಂದಿಯ ಗಾಯ ಮಾಗಿದೆ, ಅದು ತನ್ನ ಜಾಗದಲ್ಲೇ ಮೇಯುತ್ತಿದೆ. ಬೇಲಿಯನ್ನು ಮತ್ತೆ ನೆಡುತ್ತಾರಂತೆ. ನೆಡಲಿ. ನಮ್ಮೂರಿನಲ್ಲಿ ಕೋಳಿ ಸಾಕುವ ಮನೆಗಳು ಇನ್ನೂ ಬೇಕಾದಷ್ಟಿವೆ.